ಗದ್ದದ ನೀಲಿ ಪಟ್ಟಿ

ನವೆಂಬರ್ ೪, ಬೆಳಿಗ್ಗೆ

ಕಿಟಕಿಗಳನ್ನೆಲ್ಲ ಮುಚ್ಚಿದ್ದಾಯಿತು. ಒಂದನ್ನು ಬಿಟ್ಟಿದ್ದೇನೆ, ಉಸಿರಾಡಲು. ಬೀಗದ ಕಿಂಡಿಗೂ ಚಿಂದಿ ತುರುಕಿದೆ. ಇನ್ನು ಫಿಲಿಪಾ ದೊರೆಸಾನಿ ಹೆತ್ತು ಏಳುವವರೆಗೆ ಗಂಡಸಿನ ನೆರಳೂ ಈ ಬಾಗಿಲು ದಾಟಕೂಡದು. ಕಟ್ಟಿಕೊಂಡ ಗಂಡನದೂ. ರಾಣಿಯವರು ಬಾಣಂತನಕ್ಕೆ ಅರಮನೆಯಲ್ಲೇ ಕೋಣೆ ಕೊಟ್ಟಿದ್ದಾರೆ, ದೊಡ್ಡ ಮರ್ಯಾದೆಯಂತೆ. ಆ ಮರ್ಯಾದೆ ಏನೆಂದು ಮುದಿ ದಾದಿಯಾದ ನನ್ನ ಸೊಂಟಕ್ಕೆ ಗೊತ್ತು.

ಗೋಡೆಗೆ ಹೂಬಳ್ಳಿಯ ಪರದೆ ಮಾತ್ರ. ಮನುಷ್ಯರ ಮುಖ ಇರಬಾರದು. ಮಂಕು ಬೆಳಕಿನಲ್ಲಿ ಬಸುರಿ ಅದನ್ನೇ ನೋಡುತ್ತ ಮಲಗಿದರೆ ಬಟ್ಟೆಯಲ್ಲಿ ಇಲ್ಲದ್ದೂ ಕಾಣುತ್ತದೆ. ಉತ್ತರದ ಗೋಡೆಯಲ್ಲಿ ಹಳೆಯ ಬೇಟೆಯ ಪರದೆ ಇತ್ತು. ಗಿಡುಗ ಹಿಡಿದ ಹೆಂಗಸಿನ ಚಿತ್ರ. ಇಳಿಸುತ್ತೇನೆಂದ ಉಸ್ತುವಾರಿ ಡೌಲ್ ಬರಲೇ ಇಲ್ಲ. ಸೋಮಾರಿ. ಕಾದು ಸಾಕಾಗಿ ಅದರ ಮೇಲೆಯೇ ಹೂವಿನದನ್ನು ಎಳೆದೆ. ಯಾರಿಗೂ ಹೇಳಿಲ್ಲ.

ನವೆಂಬರ್ ೧೨

ದೊರೆಸಾನಿಗೆ ಗಂಜಿ ಬೇಡವಂತೆ.

"ಥಾಮಸಿನ್ ಅಜ್ಜಿ, ಆ ಗೋಡೇಲಿ ಯಾರೋ ಇದ್ದಾರೆ."

"ಹೂವಿದೆ."

"ಹೂವಿನ ಹಿಂದೆ."

ಮುಚ್ಚಿಟ್ಟ ಬೇಟೆಯ ಪರದೆ ನೆನಪಾಯಿತು. ಬಟ್ಟಲು ಮುಂದೆ ಹಿಡಿದೆ. "ಹಿಂದೆ ಗೋಡೆ ಇರುತ್ತೆ, ಇನ್ನೇನಿರುತ್ತೆ? ಕುಡಿ, ಆರಿಹೋಗುತ್ತೆ."

"ಮಾರ್ಜರಿ, ಅಜ್ಜಿ. ನನ್ನನ್ನೇ ನೋಡ್ತಿದ್ದಾಳೆ."

ಮಾರ್ಜರಿ ಫಿಲಿಪಾಳ ಗಂಡನಾದ ಈ ದೊರೆಯ ಮೊದಲ ಹೆಂಡತಿ. ಇವಳೂ ಅವಳೂ ಹುಡುಗಿಯರಾಗಿ ರಾಣಿಯ ಸೇವೆಗೆ ಬಂದವರು. ಒಂದೇ ಹಾಸಿಗೆ, ಒಂದೇ ಬಾಚಣಿಗೆ. ಮೂರು ವರ್ಷದ ಹಿಂದೆ ಮಾರ್ಜರಿ ಹೆರಿಗೆಯಲ್ಲಿ ಹೋದಳು, ನನ್ನ ಕೈಯಲ್ಲೇ. ಕೂಸು ಉಸಿರಾಡಲಿಲ್ಲ. ಜ್ಞಾನಸ್ನಾನ ಆಗದ ಕೂಸೆಂದು ಚರ್ಚಿನ ಗೋಡೆಯಾಚೆ ಹೂಳಿದರು. ತಾಯಿ ಒಳಗೆ, ಮಗು ಹೊರಗೆ.

ಆಮೇಲೆ ಇವಳನ್ನು ಅದೇ ದೊರೆಗೆ ಕಟ್ಟಿದರು. ಇವಳನ್ನು ಕೇಳಿದವರ್ಯಾರು?

ನವೆಂಬರ್ ೧೩

ಡೌಲ್‌ನನ್ನು ಕರೆಸಿದೆ. ಬಾಗಿಲಾಚೆಯಿಂದಲೇ ಮಾತು.

"ಆ ಬೇಟೆ ಪರದೆ ಇಳಿಸಯ್ಯ!"

"ಬಾಗಿಲು ಹಾಕಿದ್ಮೇಲೆ ಹೇಳ್ತೀಯಲ್ಲಮ್ಮ. ಅದನ್ನ ಇಳಿಸೋಕೆ ನಾಲ್ಕು ಆಳು ಬೇಕು. ಲಂಗ ಉಟ್ಕೊಂಡು ಬರೋಣ್ವಾ?"

"ಗಡ್ಡ ಎಲ್ಲಿಡ್ತೀಯೋ, ಕತ್ತೆ?"

ನಗುತ್ತ ಹೋದ. ಒಳಗೆ ಇವಳು ಹೊದಿಕೆ ಮುಖಕ್ಕೆಳೆದುಕೊಂಡು ಮಲಗಿದ್ದಳು.

ನವೆಂಬರ್ ೨೧, ಮಧ್ಯಾಹ್ನ

ಊಟವಿಲ್ಲ, ನಿದ್ದೆಯಿಲ್ಲ. ಸೂಲಗಿತ್ತಿ ಗ್ರಿಸೆಲ್ ಹೊಟ್ಟೆ ಮುಟ್ಟಿ ನೋಡಿ ನನ್ನನ್ನು ಮೂಲೆಗೆ ಎಳೆದಳು. "ಹೆದರಿ ಮೈಯೆಲ್ಲ ಬಿಗಿಹಿಡಿದಿದ್ದಾಳೆ. ಹೀಗೇ ಇದ್ರೆ ಇಬ್ಬರೂ ಉಳಿಯಲ್ಲ ಕಣೇ ಮುದುಕಿ."

ಕತ್ತರಿ ತೆಗೆದುಕೊಂಡೆ. ಹೂವಿನ ಪರದೆ ಸರಿಸಿ ಆ ಬೇಟೆ ಹೆಂಗಸಿನ ಮುಖ ಕತ್ತರಿಸಿದೆ. ರಾಣಿಯ ಸ್ವತ್ತು. ಗೊತ್ತಾದರೆ ಕೈ ಹೋದೀತು. ಹೋಗಲಿ.

ಹಾಸಿಗೆಯ ಮೇಲೆ ಎಸೆದೆ. "ನೋಡು, ಇದೇ ನಿನ್ನ ದೆವ್ವ. ಬರೀ ಉಣ್ಣೆ. ಮೂಗು ನೋಡು, ಮೂಲಂಗಿ!"

ಎಷ್ಟೋ ದಿನದ ಮೇಲೆ ನಕ್ಕಳು. ಬೆರಳಿನಿಂದ ಆ ಮೂಗು ಸವರಿದಳು. ಆಮೇಲೆ ಮೆಲ್ಲಗೆ ಅಂದಳು: "ಇವಳಲ್ಲ ಅಜ್ಜಿ. ಮಾರ್ಜರಿ ಗದ್ದಕ್ಕೆ ನೀಲಿ ಪಟ್ಟಿ ಕಟ್ಟಿದೆ. ಪಾಪ, ಬಾಯಿ ಬಿಡೋಕೇ ಆಗ್ತಿಲ್ಲ."

ಕತ್ತರಿ ಕೆಳಗಿಟ್ಟೆ.

ಮಾರ್ಜರಿ ಸತ್ತ ದಿನ ಬಿಳಿ ಬಟ್ಟೆ ಕೈಗೆ ಸಿಗಲಿಲ್ಲ. ಹೆಣದ ಬಾಯಿ ತೆರೆದುಕೊಳ್ಳುತ್ತಿತ್ತು. ನನ್ನ ಕಾಲುಚೀಲದ ಪಟ್ಟಿ ಬಿಚ್ಚಿ ಗದ್ದದಿಂದ ನೆತ್ತಿಗೆ ಬಿಗಿದೆ. ನೀಲಿ. ಮುಖ ಮುಚ್ಚಿ ಹೆಣದ ಬಟ್ಟೆ ಹೊಲಿದವಳೂ ನಾನೇ. ಕೋಣೆಯಲ್ಲಿ ಬೇರೆ ಯಾರೂ ಇರಲಿಲ್ಲ... ಯಾರೂ.

ನವೆಂಬರ್ ೨೨

ಅವಳಿಗೆ ಜೋಂಪು ಹತ್ತಿದ ಹೊತ್ತು ಗೋಡೆಯ ಮುಂದೆ ನಿಂತೆ. ಪ್ರಾರ್ಥನೆ ಬಾಯಿಗೆ ಬರಲಿಲ್ಲ. ಹಿಂದಿನ ರಾಜ ಚರ್ಚಿನ ಕಟ್ಟಳೆಯನ್ನೇ ಬದಲಿಸಿ, ಚಿಕ್ಕಂದಿನಲ್ಲಿ ನನಗೆ ಅಕ್ಷರ ಕಲಿಸುತ್ತಿದ್ದ ಸನ್ಯಾಸಿನಿಯರನ್ನು ಮಠದಿಂದ ಓಡಿಸಿದ ದಿನವೇ ನನ್ನ ಓದು ನಿಂತಿತು. ಹಳೆಯ ಪ್ರಾರ್ಥನೆ ಹೇಳಿದರೆ ಈಗ ತಪ್ಪು, ಹೊಸದು ನಾಲಿಗೆಗೆ ಹತ್ತಲಿಲ್ಲ. ಬಂದದ್ದು ಬೈಗುಳ.

"ಮಾರ್ಜರೀ, ನಾಚಿಕೆ ಆಗಲ್ವೇನೇ? ನಿನ್ನ ಗೆಳತಿ ಅವಳು. ನಿನ್ನ ಗಂಡನ್ನ ಅವಳೇನು ಬೇಡಿ ತಗೊಂಡ್ಳಾ? ನಿನ್ನ ಕೂಸನ್ನ ಆಚೆ ಹಾಕಿದ್ದೂ ಅವಳಲ್ಲ. ಏನಿದ್ರೂ ನನ್ನ ಹತ್ರ ಬಾ. ನಿನ್ನ ಬಾಯಿ ಕಟ್ಟಿದವಳು ನಾನು. ಅವಳನ್ನ ಬಿಡು."

ಪರದೆ ಅಲುಗಲಿಲ್ಲ. ಬೆನ್ನ ಹಿಂದೆ ಮಾತ್ರ ತಣ್ಣಗಾಯಿತು.

ಸಂಜೆ ದೊರೆಸಾನಿ ಒಂದು ಬಟ್ಟಲು ಗಂಜಿ ಕುಡಿದಳು. ಇನ್ನೊಂದು ಕೇಳಿದಳು.

ನವೆಂಬರ್ ೩೦

ಹೆಣ್ಣು. ಅತ್ತಿತು! ಏನು ಗಂಟಲು! ಹೊಕ್ಕುಳಬಳ್ಳಿ ಕತ್ತರಿಸುತ್ತಲೇ, ಪಾದ್ರಿಗೂ ಕಾಯದೆ, ಜ್ಞಾನಸ್ನಾನದ ನೀರು ಹಾಕಿ ಹೆಸರಿಡಿಸಿದೆ. "ಇಷ್ಟು ಗಟ್ಟಿ ಮಗುವಿಗೆ ಏನವಸರ?" ಅಂದಳು ಗ್ರಿಸೆಲ್. ಬಾಯಿ ಮುಚ್ಚು ಅಂದೆ. ಗೋಡೆಯಾಚೆ ಇನ್ನೊಂದು ಬೇಡ. ಹೆಸರು ಮಾರ್ಜರಿ. ತಾಯಿಯೇ ಹೇಳಿದ್ದು.

ದೊರೆಯದು ಗಂಡಲ್ಲವೆಂದು ಸಪ್ಪೆ ಮುಖವಂತೆ. ಇರಲಿ, ಅದನ್ನೂ ಹೊರಗೇ ಇಟ್ಟುಕೊಳ್ಳಲಿ.

ಜನವರಿ ೩

ಬಾಣಂತನ ಮುಗಿದು ಬಾಗಿಲು ತೆರೆಯಿತು. ದೊರೆಸಾನಿ ತನ್ನ ಕಾಲ ಮೇಲೆ ನಡೆದು ಚರ್ಚಿಗೆ ಹೋಗಿ ಬಂದಳು. ಡೌಲ್ ಪರದೆ ಇಳಿಸಿ, ತೂತು ಕಂಡು ಬಾಯಿಬಾಯಿ ಬಡಿದುಕೊಂಡ. ಇಲಿ ಕಡಿಯಿತು ಅಂದೆ.

"ಇಲಿಗೆ ಕತ್ತರಿ ಹಿಡಿಯೋಕೆ ಬರುತ್ತೇನಮ್ಮ?"

"ಅರಮನೆ ಇಲಿ. ಕಲಿತಿರುತ್ತೆ. ನೀನು ಹೇಳಿದ ದಿನ ಇಳಿಸಿದ್ರೆ ಕಡೀತಿತ್ತಾ?"

ಪರದೆ ಸುತ್ತಿಕೊಂಡು ಹೋದ.

ದೊರೆಸಾನಿ ನನ್ನ ಕೈ ಹಿಡಿದಳು. "ಈಗ ಕಾಣಲ್ಲ ಅಜ್ಜಿ. ನೀನು ಬೈದ ದಿನದಿಂದ ಕಾಣಲ್ಲ."

ಅಂದು ಇವಳು ನಿದ್ದೆ ಮಾಡುತ್ತಿದ್ದಾಳೆ ಅಂದುಕೊಂಡಿದ್ದೆ.

ಒಳ್ಳೇದಾಯ್ತು ಬಿಡು ಅಂದೆ. ಉಳಿದದ್ದು ಹೇಳಲಿಲ್ಲ.

ಜನವರಿ ೬, ರಾತ್ರಿ

ಕ್ರಿಸ್ಮಸ್ಸಿನ ಕೊನೆಯ ಹಬ್ಬ. ಎಲ್ಲರೂ ಕೆಳಗೆ ಕುಣಿಯುತ್ತಿದ್ದಾರೆ. ನನ್ನ ಕೋಣೆಯಲ್ಲಿ ಪರದೆಯೇ ಇಲ್ಲ, ಬರೀ ಸುಣ್ಣದ ಗೋಡೆ. ಆದರೂ ಸತ್ತ ಮಾರ್ಜರಿ ಬಂದು ಕೂತಿದ್ದಾಳೆ, ನನ್ನ ಬಟ್ಟೆ ಪೆಟ್ಟಿಗೆಯ ಮೇಲೆ. ನಾನು ಬೈದ ದಿನದಿಂದ ದಿನವೂ ಬರುತ್ತಾಳೆ. ಕೋಪವಿಲ್ಲ ಅವಳ ಕಣ್ಣಲ್ಲಿ. ಅದಿದ್ದರೆ ತಡೆದುಕೊಳ್ಳುತ್ತಿದ್ದೆ. ಇವತ್ತು ಗದ್ದ ಮುಂದೆ ಚಾಚಿ ತೋರಿಸಿದಳು.

ಏನೋ ಹೇಳಬೇಕಂತೆ.

ಬಾ ಅಂದವಳು ನಾನು. ಕಟ್ಟಿದವಳೂ ನಾನೇ. ಇನ್ನು ಯಾರು ಬಿಚ್ಚಬೇಕು? ಪಟ್ಟಿಯ ಬಣ್ಣ ಒಂಚೂರೂ ಮಾಸಿಲ್ಲ. ಗಂಟು ನನ್ನದೇ, ಬಿಗಿಯಾಗಿದೆ, ಎರಡು ಕೈಯೂ ಬೇಕು. ಲೇಖನಿ ಇಡುತ್ತೇನೆ.