ಎಣ್ಣು ಎಂದರೆ ಎಣ್ಣೆಯಲ್ಲ

ದೇವಲಾಪುರ, ನಾಗಮಂಗಲ ತಾಲೂಕು
೧೩-೨-೧೯೯೬, ಮಂಗಳವಾರ

ನನ್ನ ಮುದ್ದು ಪಾವನಿಗೆ,

ನಿನ್ನ ಅವ್ವ ಬರೆಯುವುದು. ಬೆಂಗಳೂರಿನ ನೀರು ನಿನ್ನ ಗಂಟಲಿಗೆ ಈಗಲೂ ಒಗ್ಗಿಲ್ಲವೇ? ಕಾಯಿಸಿ, ನಾಲ್ಕು ಕಾಳು ಜೀರಿಗೆ ಹಾಕಿ ಕುಡಿ. ನಿಮ್ಮಪ್ಪನ ಮಂಡಿನೋವು ಹಾಗೇ ಇದೆ. ಕರಿ ಹಸು ಕರು ಹಾಕಿದೆ.

ಕಾಗದ ತಲುಪಿತು. ನೀನೇ ಕಥೆ ಬರೆದು, ನೀನೇ ಪಾತ್ರ ಮಾಡಿ, ಸ್ನೇಹಿತರನ್ನು ಕಟ್ಟಿಕೊಂಡು ಎರಡು ವರ್ಷ ಒದ್ದಾಡಿ ತೆಗೆದ ಸಿನಿಮಾ. ಅದನ್ನು ಥಿಯೇಟರಿಗೆ ಬಿಡಬೇಕಾದ ಪುಣ್ಯಾತ್ಮ ಈಗ, ಮುಖ ನಿನ್ನದೇ ಇರಲಿ, ಮಂಡ್ಯದ ಮಾತು ಒರಟು, ಬೇರೆ ಹುಡುಗಿಯಿಂದ ದನಿ ಕೊಡಿಸು, ಇಲ್ಲದಿದ್ದರೆ ರೀಲಿನ ಡಬ್ಬ ಎತ್ತಿಕೊಂಡು ಹೋಗು ಎಂದನಂತೆ. ಒಪ್ಪಲೇ ಎಂದು ಕೇಳಿದ್ದೀಯೆ. ಒಪ್ಪಬೇಡ. ಇದನ್ನು ಎರಡು ಸಲ ಓದಿಕೋ.

ಪಕ್ಕದ ಮನೆಯ ದ್ಯಾವಮ್ಮ ಕೇಳಿ, "ಆಡೋ ಮಾತ್ಗೂ ಆಳಿಡ್ತಾರೇನಮ್ಮಿ? ಬರೀ ಬಾಯಲ್ಲಾಡ್ಸೋಕಾ ನಿನ್ ಮಗ್ಳು ಅಲ್ಲಿಗಂಟ ಓಗಿರೋದು?" ಎಂದು ನಕ್ಕಳು. ನಿಮ್ಮಪ್ಪ ಮಾತ್ರ, "ಒಪ್ಕೊ ಅನ್ನಮ್ಮಿ, ಸಿನಿಮಾನಾರ ಒರಗ್ ಬರ್ಲಿ" ಎಂದರು. "ಮಗ್ಳ ದನಿ ಒಳಗ್ ಊತಾಕಿ, ಸಿನಿಮಾ ಯಾಕ್ ಒರಗ್ ಬರ್ಬೇಕು?" ಎಂದೆ. ಈ ಕಾಗದ ತಂದುಕೊಟ್ಟಿದ್ದು ಅವರೇ.

ನಿನಗೆ ಹೇಳದೆ ಇದ್ದದ್ದೊಂದಿದೆ. ನಾನು ನಾಲ್ಕನೇ ಕ್ಲಾಸಿನಲ್ಲಿದ್ದಾಗ ಹಕ್ಕಿಗೆ 'ಅಕ್ಕಿ' ಎಂದೆನೆಂದು ಮೇಷ್ಟ್ರು ಬೆತ್ತದಲ್ಲಿ ಬಾರಿಸಿದರು. ಮಾರನೆಯ ದಿನ ಹೆದರಿಕೆಗೆ ಸಿಕ್ಕಸಿಕ್ಕ ಕಡೆ 'ಹ' ಸೇರಿಸಿ, 'ಅವ್ವ ಹಕ್ಕಿ ತೊಳೆದು ಅನ್ನ ಮಾಡಿದಳು' ಎಂದು ಸ್ಲೇಟಿನಲ್ಲಿ ಬರೆದೆ. ಇಡೀ ಶಾಲೆ ನಕ್ಕಿತು. ಅವತ್ತಿನಿಂದ ಓದಿದವರ ಎದುರು ನಾನು ಬಾಯಿ ಬಿಟ್ಟಿಲ್ಲ. ನಿನ್ನ ಸಿನಿಮಾದ ಅವ್ವನಿಗೆ ದನಿ ಕೊಡು ಎಂದು ನೀನು ಕಾರ್ತೀಕದಲ್ಲಿ ಬಂದು ಅಂಗಲಾಚಿದಾಗ ಮೋರೆ ತಿರುಗಿಸಿದ್ದು ಅದಕ್ಕೇ ಮಗಳೇ, ಮಡಿವಂತಿಕೆಗಲ್ಲ.

ಹೋದ ಶನಿವಾರ ಕರಿಘಟ್ಟ ಹತ್ತಿದೆ. ನೀನು ಹುಟ್ಟುವ ಮುಂಚೆ ಅದೇ ಮೆಟ್ಟಿಲ ಮೇಲೆ ನಿಂತು, "ಸೀನಪ್ಪಾ, ಒಂದ್ ಎಣ್ಣು ಕೊಡಪ್ಪ" ಎಂದು ಬೇಡಿದ್ದೆ. ಶ್ರೀನಿವಾಸ ಎನ್ನಲಿಲ್ಲ, ಹೆಣ್ಣು ಎನ್ನಲಿಲ್ಲ. ಅವನೇನು ಒಂದು ಕುಡಿಕೆ ಎಣ್ಣೆ ಕೊಟ್ಟು ಕಳಿಸಿದನೇ? ನಿನ್ನನ್ನು ಕೊಟ್ಟ. ಬೆಟ್ಟದ ಕೆಳಗೆ ಹರಿಯುವ ಲೋಕಪಾವನಿಯ ಹೆಸರನ್ನೇ ನಿನಗಿಟ್ಟೆವು. ದೇವರಿಗೆ ತಿಳಿದ ಮಾತು ಟಿಕೇಟು ಕೊಂಡು ಕೂತವರಿಗೆ ತಿಳಿಯದೇ?

ಡಬ್ಬ ಎತ್ತಿಕೊಂಡು ಹೋಗು ಎಂದರೆ ಎತ್ತಿಕೊಂಡು ಬಂದುಬಿಡು. ಸಂತೆಬಾಚಹಳ್ಳಿ ಸಂತೆಮಾಳದಲ್ಲಿ ಪರದೆ ಕಟ್ಟೋಣ.

ದೀಪ ಹಚ್ಚುವ ಹೊತ್ತಾಯಿತು. ಕರಿಘಟ್ಟದ ಸ್ವಾಮಿ ನಿನ್ನ ನಾಲಿಗೆಯ ಮೇಲೆ ಕೂತಿರಲಿ. ನಿಮ್ಮಪ್ಪನ ಆಶೀರ್ವಾದವೂ ಇದರೊಳಗೇ ಇದೆ.

ನಿನ್ನ ಅವ್ವ
ಚಲುವಮ್ಮ

ಅಂಟಿಸುವ ಮುಂಚೆ ಇನ್ನೊಂದು: ಅವ್ವನ ಪಾತ್ರಕ್ಕೆ ಇನ್ನೂ ದನಿ ಸಿಕ್ಕಿಲ್ಲ ಎಂದು ಬರೆದಿದ್ದೀಯಲ್ಲ, ಯಾರನ್ನೂ ಹುಡುಕಬೇಡ. ಬರುವ ಸೋಮವಾರ ಬೆಳಗಿನ ಬಸ್ಸಿಗೆ ಹೊರಡುತ್ತೇನೆ, ಬಸ್‌ಸ್ಟ್ಯಾಂಡಿಗೆ ಬಾ. ಹೊಲದಲ್ಲಿ ಅವಳು ಹಕ್ಕಿ ಓಡಿಸುವ ಕಡೆ ನಾನು 'ಅಕ್ಕಿ' ಎಂದೇ ಕೂಗುವವಳು. ಬೆತ್ತ ಯಾರು ಎತ್ತುತ್ತಾರೋ ನೋಡುತ್ತೇನೆ.