ಮುನಿಶಾಮಮ್ಮ ಎರಡನೇ ಸಲ ಹೇಳಿದ್ದು

ದೊಮ್ಮಲೂರು
೯ ಸೆಪ್ಟೆಂಬರ್ ೨೦೨೫, ಮಂಗಳವಾರ
ಮಧ್ಯಾಹ್ನ, ಪಾಪು ಮಲಗಿ ಹನ್ನೊಂದು ನಿಮಿಷ

ಲಿಫ್ಟಿಲ್ಲದ ಕಟ್ಟಡದ ಐದನೇ ಮಹಡಿಯಲ್ಲಿ ಕೂತು ಸಿನಿಮಾ ಕತ್ತರಿಸುತ್ತಿರುವ ನನ್ನ ಮಹೀನಳಿಗೆ,

ಇದನ್ನು ಓದುವ ಮೊದಲು ಏನಾದರೂ ತಿನ್ನು. ನಿನ್ನಮ್ಮ ಶಿವಾಜಿನಗರದಿಂದ ಕಟ್ಟಿಸಿ ಕಳಿಸಿರುವ ಕುಂಬಳಕಾಯಿಯ ಸಿಹಿ ದಮ್ ರೋಟ್ ನಿನ್ನ ತಮ್ಮ ಉಮೈರನ ಬ್ಯಾಗಿನಲ್ಲಿ ಎಲ್ಲಕ್ಕಿಂತ ಮೇಲಿದೆ. ಅದರ ಕೆಳಗೆ ಹಾರ್ಡ್ ಡ್ರೈವ್, ಅದರ ಕೆಳಗೆ ಈ ಕಾಗದ. ಆ ಕ್ರಮದಲ್ಲೇ ಕೊಡಬೇಕು ಅಂತ ಅವನಿಗೆ ಮೂರು ಸಲ ಹೇಳಿದ್ದೇನೆ. ಅವನು ಅಕ್ಕಾ ನಾನು ಲಿಸ್ಬನ್‌ಗೆ ಹೋಗ್ತಿರೋದು, ಆಪರೇಷನ್ ಮಾಡಕ್ಕಲ್ಲ ಅಂದ. ಗುರುವಾರ ಹೊರಡುತ್ತಾನಂತೆ.

ಫೋನಿನಲ್ಲಿ ಹೇಳಬಹುದಿತ್ತು. ಆದರೆ ಫೋನಿನಲ್ಲಿ ನೀನು ಮಧ್ಯೆ ಬಾಯಿ ಹಾಕುತ್ತೀಯ, ಆಗ ನಾನು ಅಳುತ್ತೇನೆ, ನನ್ನನ್ನು ನೋಡಿ ಪಾಪು ಅಳುತ್ತದೆ, ಅದನ್ನು ಕೇಳಿ ಅಮ್ಮ ಸೌಟು ಹಿಡಿದುಕೊಂಡೇ ಓಡಿ ಬಂದು ಮಗುವಿಗೆ ಹಾಲು ಸಾಲುತ್ತಿಲ್ಲ ಅಂತ ತೀರ್ಮಾನ ಕೊಡುತ್ತಾಳೆ. ಅಷ್ಟರಲ್ಲಿ ನಾನು ಹೇಳಬೇಕಾದ್ದು ಹಾಗೇ ಉಳಿಯುತ್ತದೆ. ಕಾಗದಕ್ಕೆ ಆ ತೊಂದರೆ ಇಲ್ಲ, ಅದು ಕೇಳಿಸಿಕೊಳ್ಳುತ್ತದೆ.

ವಿಷಯ ಇಷ್ಟು. ಮೇ ತಿಂಗಳಲ್ಲಿ ನೀನು ಬಂದಿದ್ದಾಗ ಟಿನ್ ಫ್ಯಾಕ್ಟರಿ ಬಸ್ ಸ್ಟಾಪಿನಲ್ಲಿ ನಾವು ರೆಕಾರ್ಡ್ ಮಾಡಿದ ಮುನಿಶಾಮಮ್ಮನ ಮಾತು ಇಲ್ಲ. ಇಲ್ಲ ಅಂದರೆ ಎಲ್ಲೂ ಇಲ್ಲ. ನಾನೇ ಅಳಿಸಿದೆ.

ನಿನ್ನ ಮುಖ ಕಾಣಿಸುತ್ತಿದೆ. ಇನ್ನೊಂದು ತುಂಡು ರೋಟ್ ತಗೋ.

ಆಗಿದ್ದು ಹೀಗೆ. ಜೂನಿನ ಒಂದು ಬೆಳಗ್ಗೆ ಪಾಪು ಮೊದಲ ಸಲ ಸದ್ದು ಮಾಡಿ ನಕ್ಕಿತು. ಫ್ಯಾನಿನ ಕೆಳಗೆ ಒಣಹಾಕಿದ ಶಿಶಿರನ ಕಾಲುಚೀಲ ನೋಡಿ ನಕ್ಕದ್ದು, ಅಪ್ಪನ ಕಾಲುಚೀಲದಲ್ಲಿ ನಗುವಂಥದ್ದೇನಿದೆಯೋ ಕಾಣೆ. ಹತ್ತು ವರ್ಷ ಊರವರ ಸದ್ದನ್ನೆಲ್ಲ ಹಿಡಿದವಳು ನಾನು, ನನ್ನ ಮಗಳ ನಗು ಮೊಬೈಲಿನ ಬಡ ಮೈಕಿನಲ್ಲಿ ಉಳಿಯಬೇಕಾ ಅನ್ನಿಸಿ ರೆಕಾರ್ಡರಿಗೆ ಓಡಿದೆ. ಕಾರ್ಡ್ ತುಂಬಿದೆ ಅಂತು. ಅಳಿಸಲಾ ಅಂತ ಕೇಳಿತು. ಹೂಂ ಅಂದೆ. ಖಚಿತವಾ ಅಂತ ಇನ್ನೊಮ್ಮೆ ಕೇಳಿತು ಕಣೇ ಆ ಪುಣ್ಯಾತ್ಗಿತ್ತಿ ಯಂತ್ರ. ಅದಕ್ಕೂ ಹೂಂ ಅಂದೆ. ಆ ವಾರ ನಾನು ಒಟ್ಟು ಹದಿನಾಲ್ಕು ಗಂಟೆ ನಿದ್ದೆ ಮಾಡಿದ್ದೆ. ಯಾರು ಏನು ಕೇಳಿದರೂ ಹೂಂ ಅನ್ನುತ್ತಿದ್ದೆ. ಗ್ಯಾಸ್ ಏಜೆನ್ಸಿಯವರು ಕೇಳಿದ್ದಕ್ಕೂ ಹೂಂ ಅಂದು ಈಗ ನಮ್ಮ ಮನೆಯಲ್ಲಿ ಎರಡು ಒಲೆಗಳಿವೆ.

ಮೂರು ಕಡೆ ನಕಲು ಇಡಬೇಕು ಅನ್ನುವ ನಿನ್ನ ನಿಯಮ ಗೊತ್ತು. ಒಂದು ಕಡೆಯೂ ಇಟ್ಟಿರಲಿಲ್ಲ. ನಾಳೆ ಮಾಡ್ತೀನಿ ಅಂತಿದ್ದೆ, ಆ ನಾಳೆಗಳಲ್ಲಿ ಒಂದು ದಿನ ಲಸಿಕೆ, ಒಂದು ದಿನ ಜ್ವರ, ಒಂದು ದಿನ ಏನೂ ಇಲ್ಲದೆ ಬರೀ ಹೆದರಿಕೆ. ನೀನು ಆಗಸ್ಟಿನಲ್ಲಿ ಸೌಂಡ್ ಕಳಿಸು ಅಂದಾಗಲೇ ನನಗೆ ಗೊತ್ತಾದದ್ದು. ನೆಟ್ ಸ್ಲೋ ಅಂದೆನಲ್ಲ, ಅದು ಸುಳ್ಳು. ಲ್ಯಾಪ್‌ಟಾಪ್ ರಿಪೇರಿಗೆ ಹೋಗಿದೆ ಅಂದದ್ದೂ ಸುಳ್ಳು. ಕರೆಂಟ್ ಹೋಗಿತ್ತು ಅಂದದ್ದು ನಿಜ, ಆದರೆ ಹತ್ತೇ ನಿಮಿಷ.

ಆ ಒಂದು ಗಂಟೆಯ ಮಾತು ನಿನ್ನ ಸಿನಿಮಾಕ್ಕೆ ಏನು ಅಂತ ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಕಮರ್ಷಿಯಲ್ ಸ್ಟ್ರೀಟಿನ ಹಿಂದಿನ ಗಲ್ಲಿಯಲ್ಲಿ ಊರು ಬಿಡುವವರಿಗೆಲ್ಲ ಸೂಟ್‌ಕೇಸ್ ಮಾರುತ್ತ ತಾವು ಮಾತ್ರ ಮೈಸೂರು ದಾಟದ ನಿನ್ನ ಅಬ್ಬ ನಜೀರ್ ಸಾಹೇಬರ ಮೇಲೆ ಮೊದಲ ಸಿನಿಮಾ ತೆಗೆದಾಗ ಕಾಲೇಜಿನ ಮೈಕ್ ಹಿಡಿದು ನಿಂತವಳು ನಾನು. ಆಮೇಲೆ ಹಲಸೂರಿನ ತಮಿಳು ಮನೆಗಳು, ಇಂದಿರಾನಗರದ ಹೋಟೆಲ್ ಅಡುಗೆಮನೆಗಳಲ್ಲಿ ಬೇಯುವ ನೇಪಾಳದ ಹುಡುಗರು, ಮತ್ತೆ ನಾನಿಲ್ಲದೆ ನೀನೊಬ್ಬಳೇ ಲಿಸ್ಬನ್ನಿನಲ್ಲಿ ಮಾಡಿದ ಬಾಂಗ್ಲಾ ಕ್ಷೌರಿಕರ ಸಿನಿಮಾ. ಅಬ್ಬನ ಸಿನಿಮಾ ಬಿಟ್ಟರೆ ಪ್ರತಿಯೊಂದರ ಕೊನೆಗೂ ನಿನ್ನದು ಒಂದೇ ಪ್ರಶ್ನೆ: ಊರು ನೆನಪಾಗುತ್ತಾ? ಅವರು ಸುಮ್ಮನಾಗುತ್ತಾರೆ, ಕ್ಯಾಮೆರಾ ಅಲ್ಲಾಡದೆ ನಿಲ್ಲುತ್ತದೆ, ಕಣ್ಣು ತುಂಬುತ್ತದೆ, ಉತ್ಸವಗಳಲ್ಲಿ ಜನ ಮೂಗು ಸೀಟುತ್ತಾರೆ. ಅದು ಮಹೀನಳ ರುಜು ಅಂತ ಎಲ್ಲರೂ ಬರೆದರು. ‘ಇಳಿಯುವ ಜಾಗ’ ಐದನೆಯದು, ಎಲ್ಲಕ್ಕಿಂತ ದೊಡ್ಡದು. ನಲವತ್ತು ವರ್ಷದ ಹಿಂದೆ ಕುಪ್ಪಂ ಕಡೆಯಿಂದ ಬಂದು ಅದೇ ಬಸ್ ಸ್ಟಾಪಿನಲ್ಲಿ ಇಳಿದು, ಈಗ ಅಲ್ಲೇ ಇಡ್ಲಿ ಗಾಡಿ ಇಟ್ಟು, ಹೊಸದಾಗಿ ಇಳಿಯುವವರಿಗೆಲ್ಲ ದಾರಿ ತೋರಿಸುವ ಮುನಿಶಾಮಮ್ಮ ಅದರ ನಡುಗಂಬ. ಅವಳು ಅತ್ತ ಚಿತ್ರ ನಿನ್ನ ಹತ್ತಿರ ಇದೆ, ಮಾತು ಇಲ್ಲ. ಕ್ಯಾಮೆರಾದ ಸ್ವಂತ ಮೈಕಿನಲ್ಲಿರುವುದು ಸಿಲ್ಕ್ ಬೋರ್ಡ್ ಸಿಲ್ಕ್ ಬೋರ್ಡ್ ಅಂತ ಕೂಗುವ ಕಂಡಕ್ಟರನ ಗಂಟಲು ಮಾತ್ರ. ಇಪ್ಪತ್ತನೇ ತಾರೀಖು ಸಿನಿಮಾ ಒಪ್ಪಿಸಬೇಕು. ಇದೆಲ್ಲ ಗೊತ್ತಿದ್ದೂ ಸುಳ್ಳು ಹೇಳಿದೆ. ನೀನು ಇನ್ನು ಯಾವ ಸಿನಿಮಾಕ್ಕೂ ನನ್ನನ್ನು ಕರೆಯುವುದಿಲ್ಲ ಅನ್ನುವ ಭಯ.

ಇನ್ನೂ ನಾಚಿಕೆಗೇಡಿನ ಸಂಗತಿ ಹೇಳಲಾ? ಅವಳು ಅವತ್ತು ಏನು ಹೇಳಿದಳು ಅಂತ ನೆನಪಿನಿಂದ ಬರೆದುಕೊಳ್ಳೋಣ ಅಂತ ಕೂತೆ. ಒಂದು ಸಾಲೂ ಬರಲಿಲ್ಲ. ಹೆಡ್‌ಫೋನ್ ಹಾಕಿಕೊಂಡಿದ್ದವಳು ನಾನು, ಆದರೆ ಪಾಪುವನ್ನು ಬಿಟ್ಟು ಮೊದಲ ಸಲ ಹೊರಗೆ ಬಂದಿದ್ದೆನಲ್ಲ, ಒಂದು ಗಂಟೆ ಪೂರ್ತಿ ಬಾಟಲಿಯ ಹಾಲು ಸರಿಯಾಗಿ ಬೆಚ್ಚಗಾಗಿದೆಯೋ ಇಲ್ಲವೋ ಅಂತಲೇ ಯೋಚಿಸುತ್ತಿದ್ದೆ. ಮೀಟರಿನ ಮುಳ್ಳು ನೋಡುತ್ತಿದ್ದೆ ಅಷ್ಟೆ.

ಹಾಗಾಗಿ ಭಾನುವಾರ ಬೆಳಗ್ಗೆ ಶಿಶಿರನಿಗೆ ಎಲ್ಲ ಹೇಳಿ, ಮತ್ತೆ ಟಿನ್ ಫ್ಯಾಕ್ಟರಿಗೆ ಹೊರಟೆ. ಅಮ್ಮ ಮದುವೆಮನೆಯಲ್ಲಿದ್ದಳು, ಪಾಪುವನ್ನೂ ಕರೆದುಕೊಂಡು ಹೋಗಬೇಕಾಯಿತು. ಬ್ಯಾಗಿನಲ್ಲಿ ಮೂರು ಬಾಟಲಿ, ಎರಡು ಥರ್ಮಾಮೀಟರ್ (ಒಂದು ಸುಳ್ಳು ಹೇಳಿದರೆ ಇನ್ನೊಂದು), ಕುದಿಸಿ ಆರಿಸಿದ ನೀರು, ಪಾಪುವಿನ ಕಿವಿಗೆ ಹಾಕುವ ಗುಲಾಬಿ ಬಣ್ಣದ ಮುಚ್ಚಳ, ಎಲ್ಲದರ ಅಡಿಯಲ್ಲಿ ರೆಕಾರ್ಡರು. ಇಂದಿರಾನಗರದಲ್ಲಿ ಮೆಟ್ರೊ ಹತ್ತಿ ಬೆನ್ನಿಗಾನಹಳ್ಳಿಯಲ್ಲಿ ಇಳಿಯುವವರೆಗೆ ಶಿಶಿರ್ ಕ್ಯಾಮೆರಾ ಹಿಡಿಯುವುದು ಕಲಿತ. ಕಲಿಯಲಿಲ್ಲ ಅಂತ ನಿನಗೆ ಡ್ರೈವ್ ತೆರೆದ ತಕ್ಷಣ ಗೊತ್ತಾಗುತ್ತದೆ, ಇಡೀ ಕೆ.ಆರ್. ಪುರ ಎಡಕ್ಕೆ ವಾಲಿದೆ.

ಮುನಿಶಾಮಮ್ಮನಿಗೆ ನಿಜ ಹೇಳಿದೆ. ಅಮ್ಮಾ ನಿಮ್ಮ ಮಾತು ಅಳಿಸಿಬಿಟ್ಟೆ, ಅವತ್ತು ಹೇಳಿದ್ದನ್ನೇ ಇನ್ನೊಂದು ಸಲ ಹೇಳಿ ಅಂತ ಕೇಳಿಕೊಂಡೆ. ಅವಳು ಇಡ್ಲಿ ತಟ್ಟೆಯಿಂದ ತಲೆಯೆತ್ತದೆ ಅಂದಳು: “ಹೇಳಿದ್ದೇ ಹೇಳಕ್ಕೆ ನಾನೇನು ಬಸ್ ಕಂಡಕ್ಟ್ರಾ?”

ಕೈ ಮುಗಿದೆ. ಅದಕ್ಕೂ ಬಗ್ಗಲಿಲ್ಲ. ಅಷ್ಟರಲ್ಲಿ ಪಾಪು ಅವಳ ಗಾಡಿಯ ಹಬೆ ನೋಡಿ ಕೈಚಾಚಿತು. ಮುನಿಶಾಮಮ್ಮ ಸೆರಗಿಗೆ ಕೈ ಒರೆಸಿಕೊಂಡು ಮಗುವನ್ನು ಕಿತ್ತುಕೊಂಡೇಬಿಟ್ಟಳು, ತೊಡೆಯ ಮೇಲೆ ಕೂರಿಸಿಕೊಂಡು ಇಡ್ಲಿಯ ಮೂಲೆ ಮುರಿದು ಬಾಯಿಗಿಟ್ಟಳು. ರಸ್ತೆ ಬದಿ, ಧೂಳು, ಯಾವ ನೀರೋ ಏನೋ. ಬೇಡ ಅನ್ನಲು ಬಾಯಿ ತೆರೆದೆ, ಪಾಪು ಅದಕ್ಕಿಂತ ದೊಡ್ಡದಾಗಿ ಬಾಯಿ ತೆರೆದು ಇನ್ನೊಂದು ತುತ್ತು ಕೇಳಿತು. ಮನೆಯಲ್ಲಿ ಸಾವಯವ ರಾಗಿ ಸರಿಯನ್ನು ಗೋಡೆಗೆ ಉಗುಳುವ ಮಗು ಕಣೇ ಅದು. (ಸಂಜೆಯೊಳಗೆ ನಾಲ್ಕು ಸಲ ಜ್ವರ ನೋಡಿದೆ. ಏನೂ ಆಗಲಿಲ್ಲ.)

ಮಗು ತೊಡೆಯ ಮೇಲಿದ್ದಾಗ ಅವಳು ತಾನಾಗೇ ಮಾತಾಡತೊಡಗಿದಳು. ನಾನು ಮೆಲ್ಲಗೆ ಬಟನ್ ಒತ್ತಿ, ಒತ್ತಿದ್ದೇನೆ ಅಂತ ತೋರಿಸಿದೆ. ಆಗಲಿ ಅಂತ ತಲೆಯಾಡಿಸಿದಳು. ಈ ಸಲ ನಾನು ನಿಜವಾಗಿ ಕೇಳಿಸಿಕೊಂಡೆ, ಏಕೆಂದರೆ ಚಿಂತೆ ಮಾಡಬೇಕಾದ ಜೀವ ಕಣ್ಣೆದುರೇ ಇಡ್ಲಿ ತಿನ್ನುತ್ತಿತ್ತು.

ಮೊದಲು ನಿನ್ನ ವಿಷಯವೇ ಬಂತು. ಬೇಜಾರು ಮಾಡಿಕೊಳ್ಳಬೇಡ, ಅವಳ ಮಾತಲ್ಲೇ ಬರೆಯುತ್ತೇನೆ. “ಅವತ್ತು ಊರು ನೆನಪಾಗುತ್ತಾ ಅಂತ ಕೇಳ್ಬಿಟ್ಟು ಆ ಹುಡುಗಿ ಕಣ್ಣೇ ತುಂಬ್ಕೊಂತು. ಪಾಪ, ಎಲ್ಲೋ ಪರದೇಶದಾಗೆ ಒಬ್ಳೇ ಇರೋ ಕೂಸು. ಅದೊಂದೇ ಅಳೋದು ಚೆನ್ನಾಗಿರಲ್ಲ ಅಂತ ನಾನೂ ಜೊತೆಗೆ ಅತ್ತೆ.”

ಶಿಶಿರ್ ಜೋರಾಗಿ ನಕ್ಕುಬಿಟ್ಟ, ಅದೂ ರೆಕಾರ್ಡ್ ಆಗಿದೆ. ನಾನು ನಗಲಿಲ್ಲ. ಹಾಗಾದರೆ ಊರು ನೆನಪಾಗುವುದಿಲ್ಲವಾ ಅಂತ ಕೇಳಿದೆ.

“ಊರಲ್ಲಿ ಯಾರ ಸೊಸೆ, ಯಾರ ಹೆಂಡ್ತಿ ಅಂತ ಕೇಳ್ದೆ ನೀರೂ ಕೊಡ್ತಿರಲಿಲ್ಲ. ಇಲ್ಲಿ ಬಸ್ಸಿಳಿದೋಳೇ ಬೆಂಚಿನ ಮ್ಯಾಲೆ ಕೂತು ಒಂದು ಟೀ ಕುಡ್ದೆ. ಯಾರೋ ಗಂಡಸು ಸರ್ಕೊಂಡು ಜಾಗ ಬಿಟ್ಟ. ಯಾರು ಏನು ಅಂತ ಕೇಳ್ಲಿಲ್ಲ. ಅವತ್ತೇ ಆಗೋಯ್ತು ನನ್ನೂರು. ಬಾಕಿ ನಲವತ್ತು ವರ್ಷ ಸುಮ್ನೆ ಇಡ್ಲಿ ಬೇಯ್ಸಿದ್ದು.”

ಇಷ್ಟು ಹೇಳುವಾಗ ಮೇಲೆ ಮೆಟ್ರೊ ಹೋಯಿತು, ಅವಳು ಅದು ಹೋಗುವ ತನಕ ಕಾದು ಮುಂದಿನ ಮಾತು ಹೇಳಿದಳು. ನನಗೆ ಹತ್ತು ವರ್ಷದಲ್ಲಿ ಇಂಥ ಕಲಾವಿದೆ ಸಿಕ್ಕಿರಲಿಲ್ಲ. ಅಷ್ಟರಲ್ಲಿ ಒಂದು ಬಸ್ ಬಂತು. ಒಡಿಶಾದ ಗಂಡ ಹೆಂಡತಿ, ಕೈಯಲ್ಲೊಂದು ಕುಕ್ಕರ್, ಸುತ್ತಿದ ಚಾಪೆ. ಹೂಡಿಗೆ ಹೇಗೆ ಹೋಗುವುದು ಅಂತ ಕೇಳಿದರು. ಮುನಿಶಾಮಮ್ಮ ಪಾಪುವನ್ನು ಸೊಂಟಕ್ಕೇರಿಸಿ, ತನ್ನದೇ ಹಿಂದಿಯಲ್ಲಿ ಬಸ್ಸಿನ ನಂಬರು ಆಮೇಲೆ ಹೇಳ್ತೀನಿ, ಮೊದಲು ಕೂತ್ಕೊಳ್ಳಿ ಅಂತ ಬೆಂಚು ತೋರಿಸಿದಳು. ಆ ಹೆಂಗಸು ಕುಕ್ಕರನ್ನು ಕೆಳಗಿಟ್ಟ ಸದ್ದಿದೆಯಲ್ಲ ಮಹೀನ್, ಅದನ್ನು ಮಾತ್ರ ಒಳ್ಳೆಯ ಸ್ಪೀಕರಿನಲ್ಲಿ ಕೇಳು.

ಈಗ ನಿನ್ನ ಮುಂದಿರುವ ಕಷ್ಟ ನನಗೆ ಅರ್ಥವಾಗುತ್ತದೆ. ನಿನ್ನ ಸಿನಿಮಾದ ಕೊನೆಯಲ್ಲಿ ಅವಳು ಅಳಬೇಕು. ಇದರಲ್ಲಿ ನಗುತ್ತಾಳೆ. ನೀನು ನಾಲ್ಕು ಸಿನಿಮಾಗಳಲ್ಲಿ ಕೇಳಿದ ಪ್ರಶ್ನೆಗೆ ಇವಳ ಉತ್ತರ ‘ಇಲ್ಲ’ ಅಂತ. ನಾನು ಅಳಿಸಿದ ಗಂಟೆಯೇ ವಾಸಿಯಾಗಿತ್ತು ಅಂತ ನಿನಗನ್ನಿಸಬಹುದು. ಅನ್ನಿಸಿದರೆ ಬೈಯಿ, ನಾನು ಎಲ್ಲಿಗೂ ಓಡಿಹೋಗುವುದಿಲ್ಲ. ಆದರೆ ಒಂದು ಮಾತು, ಹಳೆಯ ಗೆಳತಿಯಾಗಿ. ಊರು ನೆನಪಾಗುತ್ತಾ ಅಂತ ನೀನು ಇಷ್ಟು ವರ್ಷ ಬೇರೆಯವರನ್ನು ಕೇಳುತ್ತ ಬಂದೆ. ನಿನ್ನನ್ನು ಯಾರೂ ಕೇಳಲಿಲ್ಲ. ನಾನೂ ಕೇಳಲಿಲ್ಲ, ನಾನು ಮೈಕ್ ಹಿಡಿದುಕೊಂಡಿದ್ದೆ. ಈಗ ಕೇಳುತ್ತಿದ್ದೇನೆ. ಉತ್ತರ ಸಿನಿಮಾಕ್ಕೆ ಬೇಡ, ನನಗೆ ಬರೆ. ನಿನ್ನಮ್ಮನಿಗೂ ಒಂದು ಫೋನ್ ಮಾಡು. ರೋಟ್ ಕೊಡಲು ಬಂದಾಗ ಅವರು ನಿನ್ನ ವಿಷಯ ಒಂದೂ ಮಾತಾಡದೆ ಮುಕ್ಕಾಲು ಗಂಟೆ ಪಾಪುವನ್ನೇ ಆಡಿಸಿದರು.

ಒಳಗೆ ತೊಟ್ಟಿಲು ಅಲುಗಾಡುತ್ತಿದೆ. ಇವತ್ತು ಐವತ್ತೆರಡು ನಿಮಿಷ ಮಲಗಿದೆ, ನಮ್ಮ ಮನೆಯ ದಾಖಲೆ.

ಬೈದರೂ ನಿನ್ನವಳೇ, ಕೆಲಸದಿಂದ ತೆಗೆದರೂ ನಿನ್ನವಳೇ ಆದ,
ತನ್ಮಯಿ

ತಾ.ಕ.: ಇದು ಮರೆತದ್ದಲ್ಲ, ಮುಚ್ಚಿಟ್ಟದ್ದು. ಕುಕ್ಕರಿನ ಸದ್ದಾದ ಮೇಲೆ ನಾಲ್ಕು ನಿಮಿಷ ಮುನಿಶಾಮಮ್ಮ ಪ್ರಶ್ನೆ ಕೇಳುತ್ತಾಳೆ, ಉತ್ತರ ಹೇಳುವವಳು ನಾನು. ನಿನ್ನೂರು ಯಾವುದಮ್ಮ ಅಂದಳು. ದೊಮ್ಮಲೂರು, ಹುಟ್ಟಿದ್ದೂ ಇದೇ ಇನ್ಶೂರೆನ್ಸ್ ಕಾಲನಿಯಲ್ಲಿ, ಎಲ್ಲೂ ಹೋದವಳಲ್ಲ ಅಂದೆ. “ಮತ್ತೆ ಯಾಕಮ್ಮ ಈಗಷ್ಟೇ ಬಸ್ಸಿಳಿದೋಳ ತರ ಬ್ಯಾಗು ತಬ್ಕೊಂಡು ಕೂತಿದ್ದೀಯ?” ಅಂದಳು. ಅದಕ್ಕೆ ನಾನು ಏನೇನೋ ಹೇಳಿಬಿಟ್ಟೆ. ಪಾಪು ಬಂದಮೇಲೆ ನನ್ನ ಮನೆಯಲ್ಲೇ ನಾನು ಹೊಸಬಳು, ಎಲ್ಲರಿಗೂ ಗೊತ್ತಿರುವ ಭಾಷೆ ನನಗೊಬ್ಬಳಿಗೇ ಬರುವುದಿಲ್ಲ, ಯಾರನ್ನು ಕೇಳುವುದಕ್ಕೂ ನಾಚಿಕೆ, ಹೀಗೆ. ಅವಳು ಯಾವೂರಾದ್ರೂ ಒಗ್ಗಕ್ಕೆ ಆರು ತಿಂಗ್ಳು ಬೇಕು ಅಂದಳು. ಎಂಟು ಆಯ್ತು ಅಂದೆ. ಹಂಗಾದ್ರೆ ನೀನು ಸ್ವಲ್ಪ ನಿಧಾನ ಅಂದಳು. ಶಿಶಿರನಿಗೂ ಇದು ಹೊಸ ಸುದ್ದಿ. ಅಲ್ಲಿ ಚಿತ್ರ ಅಲುಗಾಡಿದ್ದಕ್ಕೆ ಅವನನ್ನು ಬೈಯಬೇಡ. ಆ ನಾಲ್ಕು ನಿಮಿಷ ಕತ್ತರಿಸಿ ಕಳಿಸೋಣ ಅಂತ ಎರಡು ಸಲ ಕೂತೆ, ಕತ್ತರಿಸದೆ ಎದ್ದೆ. ಡ್ರೈವಿನ ಜೊತೆ, ನಮ್ಮ ಮಾತನ್ನು ಸಿನಿಮಾದಲ್ಲಿ ಬಳಸಬಹುದು ಅನ್ನುವ ಒಪ್ಪಿಗೆ ಪತ್ರ ಇದೆ ನೋಡು. ಮುನಿಶಾಮಮ್ಮನ ಹೆಬ್ಬೆಟ್ಟಿನ ಕೆಳಗೆ ನನ್ನದೂ ಸಹಿ ಇದೆ.