ಕಳಸದ ಜಯಂಟ್ ವೀಲ್ ಕತ್ತರಿಸಲು ಹೊರಟವರಿಗೆ

ಮಾನ್ಯ ಅಧಿಕಾರಿಗಳೇ,

ಕಳಸದಲ್ಲಿರುವ ನಮ್ಮ ಜಯಂಟ್ ವೀಲನ್ನು ಗ್ಯಾಸ್ ಕಟ್ಟರ್‌ನಿಂದ ಕತ್ತರಿಸಿ ಗುಜರಿಗೆ ಹಾಕಬೇಕೆಂದು ತಾವು ಆದೇಶ ಮಾಡಿದ್ದೀರಿ. ಅದನ್ನು ನಾನು ಪಾಲಿಸುವುದಿಲ್ಲ. ಏಕೆಂದು ಹೇಳಲು ತಮ್ಮ ಕಚೇರಿಗೆ ಬಂದಾಗಲೆಲ್ಲ ತಾವು ಮೀಟಿಂಗಿನಲ್ಲಿದ್ದಿರಿ. ಹಾಗಾಗಿ ಊರೆಲ್ಲ ಕೇಳುವಂತೆ ಇಲ್ಲಿ ಹೇಳುತ್ತಿದ್ದೇನೆ.

ನನ್ನ ಯಜಮಾನರು ಬಸವರಾಜಪ್ಪನವರದು ಪೇಟೆಯಲ್ಲಿ ಹಾರ್ಡ್‌ವೇರ್ ಅಂಗಡಿ. ಪಂಚಾಯಿತಿಯಿಂದ ಗುತ್ತಿಗೆಗೆ ಪಡೆದ ಜಾಗದಲ್ಲಿ ನಮ್ಮ ಪುಟ್ಟ ಪಾರ್ಕಿದೆ. ಹಿಂದೆ ಈ ಗುಡ್ಡಗಳಿಗೆ ಬರುತ್ತಿದ್ದುದು ಕೈಯಲ್ಲಿ ತಿರುಗಿಸುವ ನಾಲ್ಕು ಪೆಟ್ಟಿಗೆಯ ಮರದ ತೊಟ್ಟಿಲು. ಕಾಫಿ ಕೊಯ್ಲು ಮುಗಿದ ಮೇಲೆ ಬಂದು, ಮಳೆಗೆ ಮುಂಚೆ ಹೋಗಿಬಿಡುತ್ತಿತ್ತು. ಕಬ್ಬಿಣದ ದೊಡ್ಡ ವೀಲ್ ನೋಡಬೇಕಾದರೆ ಶಿವಮೊಗ್ಗಕ್ಕೋ ಮಂಗಳೂರಿಗೋ ಹೋಗಬೇಕು. ಕುದುರೆಮುಖದ ಗಣಿ ನಡೆಯುತ್ತಿದ್ದ ಕಾಲದಲ್ಲಿ ಅಲ್ಲಿಂದ ಭಾನುವಾರ ಬರುತ್ತಿದ್ದವರು, "ನಿಮ್ಮೂರಲ್ಲಿ ಮಕ್ಕಳಿಗೆ ಏನಿದೆ?" ಎಂದು ಕೇಳುತ್ತಿದ್ದರು. ಆ ಮಾತು ಯಜಮಾನರಿಗೆ ನಾಟಿತು. ಬಯಲುಸೀಮೆಯಲ್ಲಿ ಮುಚ್ಚಿಹೋದ ಪಾರ್ಕೊಂದರ ವೀಲ್ ಕೊಂಡು, ಬಿಡಿಬಿಡಿಯಾಗಿ ಘಾಟಿ ಹತ್ತಿಸಿ, ಇಲ್ಲಿ ಕಾಂಕ್ರೀಟ್ ಹಾಕಿ ನಿಲ್ಲಿಸಿದರು. ಗಣಿ ನಿಂತಿತು, ಅಲ್ಲಿಯ ಮನೆಗಳು ಖಾಲಿಯಾದವು, ನಮ್ಮ ವೀಲ್ ಮಾತ್ರ ನಿಲ್ಲಲಿಲ್ಲ. ಎಸ್ಟೇಟಿನ ಸಾಹುಕಾರರೂ ಅವರ ತೋಟದಲ್ಲಿ ಹಣ್ಣು ಕೊಯ್ಯುವ ಹೆಂಗಸರೂ ಒಂದೇ ಸಾಲಿನಲ್ಲಿ ನಿಂತು ಕಾಯುವ ಜಾಗ ಈ ತಾಲ್ಲೂಕಿನಲ್ಲಿ ಇನ್ನೊಂದಿದ್ದರೆ ತೋರಿಸಿ.

ತಮ್ಮ ಆದೇಶದಲ್ಲಿ 'ಅಪಘಾತ' ಎಂದಿದೆ. ಆ ದಿನ ತಾವಿರಲಿಲ್ಲ, ನಾನಿದ್ದೆ. ಕಳೆದ ಬೇಸಿಗೆಯ ಒಂದು ಭಾನುವಾರ, ಪೆಟ್ಟಿಗೆಗಳೆಲ್ಲ ತುಂಬಿದ್ದಾಗ ಕರೆಂಟು ಹೋಯಿತು. ಬ್ರೇಕು ಹಿಡಿಯಿತು. ಜನರೇಟರ್ ಎಷ್ಟು ಎಳೆದರೂ ಸ್ಟಾರ್ಟಾಗಲಿಲ್ಲ. ಗಾಳಿಯೆದ್ದಿತು. ಎಲ್ಲಕ್ಕಿಂತ ಎತ್ತರದ ಪೆಟ್ಟಿಗೆಯಲ್ಲಿ ಮೇಲಿನ ಹಳ್ಳಿಯ ಸಣ್ಣ ಬೆಳೆಗಾರರಾದ ವಿಮಲಮ್ಮ ಮತ್ತು ಅವರ ಮಗಳು ಶಾಲಿನಿ ಇದ್ದರು. ಶಾಲಿನಿ ಹೆದರಿ ಬಾಗಿಲಿನ ಚಿಲಕಕ್ಕೆ ಕೈ ಹಾಕಿದ್ದು ಕೆಳಗಿದ್ದ ನನಗೆ ಕಾಣಿಸಿತು. ಮೇಲೆ ನಡೆದ ಮಾತನ್ನು ಆಮೇಲೆ ವಿಮಲಮ್ಮನೇ ಹೇಳಿದರು.

"ಅಮ್ಮಾ, ನಾನು ಇಳೀತೀನಿ, ಬಿಡು."

"ಎಲ್ಲಿಗಿಳೀತಿ? ಕೂತ್ಕೋ. ಕೆಳಗೆ ನೋಡ್ಬೇಡ, ನನ್ನ ಮುಖ ನೋಡು."

ಯಜಮಾನರು ಅಂಗಡಿಯಿಂದ ಹಗ್ಗ ತರಿಸಿ ಚಕ್ರಕ್ಕೆ ಕಟ್ಟಿಸಿದರು. ಸಾಲಿನಲ್ಲಿದ್ದವರೆಲ್ಲ ಹಗ್ಗ ಹಿಡಿದರು. "ನಿಧಾನ ಎಳೀರಿ, ಜಗ್ಗಬೇಡಿ" ಎನ್ನುತ್ತ ಇವರು ಬ್ರೇಕಿನ ಬಳಿ ನಿಂತರು. ತೂಕ ಒಂದೇ ಕಡೆ ಬೀಳದಂತೆ, ಒಂದು ಪೆಟ್ಟಿಗೆ ಖಾಲಿ ಮಾಡಿ, ಆಮೇಲೆ ಅದರ ಎದುರಿನದನ್ನು ಕೆಳಗೆ ತಂದರು. ವಿಮಲಮ್ಮ ಇಳಿದಾಗ ಅವರ ತೋಳಿನ ಮೇಲೆ ಮಗಳ ಉಗುರಿನ ಗುರುತಿತ್ತು. ಆ ದಿನ ಆದ ಗಾಯ ಅದೊಂದೇ. ಅದನ್ನು ಅಪಘಾತ ಎನ್ನುವುದಾದರೆ, ತಮ್ಮ ಇಲಾಖೆಯ ರಸ್ತೆಗುಂಡಿಗಳಲ್ಲಿ ಬಿದ್ದು ಕೈಕಾಲು ಮುರಿದುಕೊಂಡವರ ಸಂಗತಿಯನ್ನು ಏನೆಂದು ಕರೆಯುತ್ತೀರಿ?

ತಪ್ಪಿರಲಿಲ್ಲ ಎನ್ನುತ್ತಿಲ್ಲ. ಮರುದಿನವೇ ಪಾರ್ಕು ಮುಚ್ಚಿದೆವು. ಚಿಕ್ಕಮಗಳೂರಿನಿಂದ ಎಂಜಿನಿಯರ್ ಪ್ರಸನ್ನಕುಮಾರ್ ಅವರನ್ನು ಕರೆಸಿ ಪರೀಕ್ಷೆ ಮಾಡಿಸಿದೆವು. ಅವರು ಹೇಳಿದಂತೆ ಬೇರಿಂಗ್ ಬದಲಾಯಿಸಿ, ಹೊಸ ಜನರೇಟರ್ ತಂದೆವು. ತಮ್ಮ ಇಲಾಖೆಯಿಂದ ಬಂದ ಮಹನೀಯರೋ ಜೀಪಿನ ಗಾಜು ಇಳಿಸಿ, ವೀಲನ್ನು ನೋಡಿ, ಗಾಜು ಏರಿಸಿಕೊಂಡು ಹೋದರು. ಅಷ್ಟರಲ್ಲೇ ಕಬ್ಬಿಣದ ಆಯಸ್ಸು ಮುಗಿದಿದೆಯೆಂದು ಅವರಿಗೆ ಹೊಳೆಯಿತಂತೆ. ವೀಲಿನ ಸ್ವಿಚ್ಚಿಗೆ ಸೀಲು ಬಿತ್ತು. ಗುಡ್ಡದ ಮೇಲೆ ಖಾಸಗಿಯವರು ಕಟ್ಟಲಿರುವ ಗಾಜಿನ ಸೇತುವೆಯ ನಕ್ಷೆಯಲ್ಲಿ ನಮ್ಮ ಪಾರ್ಕಿನ ಜಾಗಕ್ಕೆ ಆಗಲೇ 'ವಾಹನ ನಿಲುಗಡೆ' ಎಂದು ಬರೆದಿರುವುದನ್ನು ಆಮೇಲೆ ಪಂಚಾಯಿತಿಯಲ್ಲಿ ನೋಡಿದೆ. ಇನ್ನೂ ಕಟ್ಟದ ಸೇತುವೆ ಸುರಕ್ಷಿತ. ಇಷ್ಟು ವರ್ಷ ಜನರನ್ನು ಹೊತ್ತ ವೀಲ್ ಅಪಾಯ. ಇದು ಯಾವ ಲೆಕ್ಕ, ಸ್ವಾಮಿ?

ಕಳೆದ ಸೋಮವಾರ ಕಟ್ಟರ್ ಹೊತ್ತು ಜನ ಬಂದರು. "ಬಿಟ್ಟಾಕು ಮಾರಾಯ್ತಿ, ಅವ್ರ ಜೊತೆ ಯಾರು ಗುದ್ದಾಡ್ತಾರೆ" ಎಂದು ಯಜಮಾನರು ಕಣ್ಣೊರೆಸಿಕೊಂಡು ಅಂಗಡಿಗೆ ಹೊರಟುಹೋದರು. ಅವರು ಅತ್ತದ್ದನ್ನು ನಾನು ಅದುವರೆಗೆ ಕಂಡಿರಲಿಲ್ಲ. ನಾನು ಹೋಗಿ ಕೆಳಗಿನ ಪೆಟ್ಟಿಗೆಯಲ್ಲಿ ಕೂತೆ. ಸುದ್ದಿ ತಿಳಿದು ವಿಮಲಮ್ಮ ಜೀಪು ಹಿಡಿದು ಬಂದು ಪಕ್ಕದಲ್ಲಿ ಕೂತರು. ಹಿಂದೆಯೇ ಬಂದ ಶಾಲಿನಿ ಸ್ವಲ್ಪ ಹೊತ್ತು ಹೊರಗೇ ನಿಂತಿದ್ದು, ಆಮೇಲೆ ಒಳಗೆ ಕಾಲಿಟ್ಟಳು.

ಕಂಟ್ರಾಕ್ಟರ್ ಕಡೆಯ ಅರುಣ್ ಎಂಬವರು, "ಇಳೀರಿ ಅಮ್ಮಾ, ನಮ್ಗೆ ಆರ್ಡರ್ ಇದೆ" ಎಂದರು.

"ಆರ್ಡರ್ ಕೊಟ್ಟೋರ್ನ ಕರ್ಕಂಡ್ ಬಾ ಮಾರಾಯ. ಇನ್ನೊಬ್ರು ಕೂರಕ್ಕೆ ಜಾಗ ಇದೆ" ಎಂದರು ವಿಮಲಮ್ಮ.

ಅರುಣ್ ತಮಗೆ ಫೋನ್ ಮಾಡಿದರು. ತಾವು ಎತ್ತಲಿಲ್ಲ. ಸಂಜೆಗೆ ಅವರು ವಾಪಸು ಹೋದರು. ಅಂದಿನಿಂದ ಹಗಲೆಲ್ಲ ಒಬ್ಬರಲ್ಲ ಒಬ್ಬರು ಅಲ್ಲಿ ಕೂರುತ್ತಿದ್ದೇವೆ. ಯಜಮಾನರೂ ಈಗ ಅಂಗಡಿ ಬಾಗಿಲು ಹಾಕಿ ಬರುತ್ತಾರೆ.

ನಮ್ಮ ಬೇಡಿಕೆ ಇಷ್ಟೇ. ತಮ್ಮ ಎಂಜಿನಿಯರನ್ನು ಕರೆದುಕೊಂಡು ಬನ್ನಿ, ಊರವರ ಎದುರಿಗೇ ವೀಲ್ ಪರೀಕ್ಷೆ ಮಾಡಿಸಿ. ದೋಷ ಸಿಕ್ಕರೆ ಯಾವ ಭಾಗದಲ್ಲೆಂದು ತೋರಿಸಿ. ನಾನೇ ನಿಂತು ಬಿಚ್ಚಿಸುತ್ತೇನೆ. ಸಿಗದಿದ್ದರೆ ಸ್ವಿಚ್ಚಿಗೆ ಹಾಕಿರುವ ಸೀಲನ್ನು ತಾವೇ, ತಮ್ಮ ಕೈಯಿಂದಲೇ, ಕಿತ್ತು ಹೋಗಬೇಕು.

ಇಂತಿ,
ಎತ್ತರ ಕಂಡರೆ ತಲೆ ಸುತ್ತುವ, ತಮ್ಮ ಆದೇಶ ಕಂಡರೆ ಸುತ್ತದ,
ಗಿರಿಜಾಂಬಾ, ಕಳಸ